ಸರಕಿನ ಹೆಸರು ಯಾರ ಸ್ವತ್ತು?
(ವ್ಯಾಪಾರಮುದ್ರೆಯ ವ್ಯಾಜ್ಯಗಳ ವಿಚಾರವಾಗಿ ಗ್ರಾಮಮುಖ್ಯರೂ ಜಮೀನುದಾರರೂ ತಿಳಿದಿರತಕ್ಕ ಸಂಗತಿಗಳು)

ಕಣದಲ್ಲಿ ರಾಶಿ ಕೂಡಿದ ಮೇಲೆ ಅದರ ಮೈಮೇಲೆ ಮರದ ಮುದ್ರೆಯನ್ನೊತ್ತಿ, ರಾತ್ರಿಯಲ್ಲಿ ಯಾರಾದರೂ ಕೈಯಿಟ್ಟರೆ ಬೆಳಗಾಗುತ್ತಲೇ ತಿಳಿದುಬರುವಂತೆ ಮಾಡುವ ವಾಡಿಕೆಯು ಹಿಂದೆ ಈ ನಾಡಿನಲ್ಲಿದ್ದಿತು. ದನಗಳಿಗೆ ಬರೆಯ ಗುರುತು ಹಾಕುವುದೂ, ಸಂತೆಗೆ ಹೋಗುವ ಮೂಟೆಗೆ ಮಸಿಯಿಂದ ಅಕ್ಷರ ಬರೆಯುವುದೂ ಅದೇ ಉದ್ದೇಶದಿಂದಲೇ ಆಗಿದೆ. ಪದಾರ್ಥವು ಯಾರದು, ಯಾರ ಕೈಯಿಂದ ಬಂದಿತು ಎಂಬುದನ್ನು, ಒಡೆಯನು ಎದುರಿಗಿಲ್ಲದಾಗಲೂ, ಗುರುತೊಂದೇ ಹೇಳಬೇಕು.

ಈಗಿನ ಕಾಲದಲ್ಲಿ ಕೊಳ್ಳುವವನಿಗೂ ತಯಾರಿಸುವವನಿಗೂ ಮುಖಪರಿಚಯವಿರುವುದಿಲ್ಲ. ಬಿತ್ತನೆಯ ಬೀಜ, ರಸಗೊಬ್ಬರ, ಕೀಟನಾಶಕ, ಪಶು ಆಹಾರ, ಪಂಪಿನ ಬಿಡಿಭಾಗ ಇವೆಲ್ಲವೂ ನೂರಾರು ಮೈಲಿ ದೂರದಿಂದ ಚೀಲದಲ್ಲಿಯೋ ಡಬ್ಬಿಯಲ್ಲಿಯೋ ಬರುತ್ತವೆ. ರೈತನು ಚೀಲದ ಮೇಲಿನ ಹೆಸರನ್ನೂ ಚಿತ್ರವನ್ನೂ ನಂಬಿ ಹಣ ಕೊಡುತ್ತಾನೆ. ಆ ಹೆಸರು ಸುಳ್ಳಾದರೆ ಬಟ್ಟೆಯ ಅಂಗಡಿಯಲ್ಲಿ ಮೋಸಹೋದವನಿಗೆ ಒಂದು ಪಂಚೆ ನಷ್ಟವಾಗಬಹುದು. ಬೀಜದಲ್ಲಿ ಮೋಸಹೋದವನಿಗೆ ಒಂದು ಮಳೆಗಾಲವೇ ನಷ್ಟವಾಗುತ್ತದೆ. ಮತ್ತೊಂದು ಕಡೆಯಲ್ಲಿ, ರೈತರೂ ಅವರ ಸಹಕಾರ ಸಂಘಗಳೂ ಬೆಲ್ಲ, ಹಾಲು, ಕಾಫಿ, ಮೆಣಸಿನಪುಡಿ, ರಾಗಿಹಿಟ್ಟು ಮುಂತಾದವುಗಳನ್ನು ಸ್ವಂತ ಹೆಸರಿನಿಂದ ಮಾರುವುದು ಹೆಚ್ಚುತ್ತಿದೆ. ವರ್ಷಗಟ್ಟಲೆ ದುಡಿದು ಬೆಳೆಸಿದ ಹೆಸರನ್ನು ಬೇರೊಬ್ಬನು ತನ್ನದೆಂದು ಹೇಳಿಕೊಂಡರೆ ಗತಿಯೇನು? ಈ ಎರಡು ಪ್ರಶ್ನೆಗಳಿಗೂ ಉತ್ತರವು ಒಂದೇ ನ್ಯಾಯತತ್ತ್ವದಲ್ಲಿ ಅಡಗಿದೆ. ಹೆಸರು, ಸಾಮಾನ್ಯವಾಗಿ, ಅದನ್ನು ಮೊದಲು ಪ್ರಾಮಾಣಿಕವಾಗಿ ಬಳಸಿ ಜನರ ವಿಶ್ವಾಸವನ್ನು ಗಳಿಸಿದವನ ಸ್ವತ್ತು. ರಿಜಿಸ್ತ್ರಿಯು ಆ ಸ್ವತ್ತಿಗೆ ಬೇಲಿಯೇ ಹೊರತು ಸ್ವತ್ತಿನ ಬೇರಲ್ಲ. ಈ ತತ್ತ್ವವನ್ನು ನ್ಯಾಯಸ್ಥಾನಗಳು ತೀರ್ಮಾನಿಸಿದ ಕೆಲವು ವ್ಯಾಜ್ಯಗಳ ಮೂಲಕ ಕೆಳಗೆ ವಿವರಿಸಿದೆ.

1. ‘ಪಾಸಿಂಗ್ ಆಫ್’ ಎಂದರೇನು?

ಸರಕನ್ನು ಗುರುತಿಸಲು ಉಪಯೋಗಿಸುವ ಹೆಸರು, ಚಿತ್ರ, ಅಕ್ಷರ, ಹೊದಿಕೆ ಮುಂತಾದುವುಗಳಿಗೆ ವ್ಯಾಪಾರಮುದ್ರೆ ಅಥವಾ ಟ್ರೇಡ್ ಮಾರ್ಕ್ ಎಂದು ಹೆಸರು. ಒಬ್ಬನು ತನ್ನ ಸರಕನ್ನು ಮತ್ತೊಬ್ಬನ ಸರಕೆಂದು ಜನರು ತಿಳಿಯುವಂತೆ ಮಾಡಿ ಸಾಗಹಾಕುವುದಕ್ಕೆ ಕಾನೂನಿನಲ್ಲಿ ‘ಪಾಸಿಂಗ್ ಆಫ್’ ಎನ್ನುವರು. ಈ ನಿಯಮವನ್ನು ಯಾವ ಶಾಸನಸಭೆಯೂ ಮೊದಲು ಬರೆದುದಲ್ಲ. ನ್ಯಾಯಾಧೀಶರು ಮೊಕದ್ದಮೆಯಿಂದ ಮೊಕದ್ದಮೆಗೆ ಬೆಳೆಸಿಕೊಂಡು ಬಂದುದು. 1842ರಲ್ಲಿ ಇಂಗ್ಲೆಂಡಿನಲ್ಲಿ ಪೆರಿ ಎಂಬುವರಿಗೂ ಟ್ರೂಫಿಟ್ ಎಂಬುವರಿಗೂ ಕೇಶತೈಲವೊಂದರ ಹೆಸರಿನ ವಿಷಯವಾಗಿ ನಡೆದ ವ್ಯಾಜ್ಯದಲ್ಲಿ, ಯಾವನೂ ತನ್ನ ಸರಕನ್ನು ಇನ್ನೊಬ್ಬನದೆಂಬ ಸೋಗಿನಲ್ಲಿ ಮಾರಕೂಡದೆಂಬ ಮಾತು ಸ್ಪಷ್ಟವಾಗಿ ಹೇಳಲ್ಪಟ್ಟಿತು. ಆ ವ್ಯಾಜ್ಯದಲ್ಲಿಯೇ ಇನ್ನೊಂದು ಪಾಠವೂ ಉಂಟು. ವಾದಿಯೇ ತನ್ನ ತೈಲದ ಹುಟ್ಟಿನ ವಿಷಯದಲ್ಲಿ ಜನರಿಗೆ ನಿಜವಲ್ಲದ ಮಾತನ್ನು ಹೇಳಿ ಮಾರಿದ್ದನಾದುದರಿಂದ ಆತನು ಬೇಡಿದ ತಡೆಯಾಜ್ಞೆಯು ದೊರೆಯಲಿಲ್ಲ. ನ್ಯಾಯ ಬೇಡುವವನ ಕೈ ಶುದ್ಧವಾಗಿರಬೇಕು.

ವಾದಿಯು ಏನನ್ನು ರುಜುವಾತುಪಡಿಸಬೇಕೆಂಬುದು 1990ರಲ್ಲಿ ಇಂಗ್ಲೆಂಡಿನ ಹೌಸ್ ಆಫ್ ಲಾರ್ಡ್ಸ್ ಸಭೆಯ ಮುಂದೆ ಬಂದ ನಿಂಬೆರಸದ ವ್ಯಾಜ್ಯದಲ್ಲಿ ಮೂರು ಅಂಶಗಳಾಗಿ ವಿವರಿಸಲ್ಪಟ್ಟಿತು. ‘ಜಿಫ್’ ಎಂಬ ಹೆಸರಿನ ನಿಂಬೆರಸವು ನಿಂಬೆಹಣ್ಣಿನ ಆಕಾರದ ಪ್ಲಾಸ್ಟಿಕ್ ಕುಪ್ಪಿಯಲ್ಲಿ ಬಹುಕಾಲದಿಂದ ಮಾರಾಟವಾಗುತ್ತಿದ್ದಿತು. ಮತ್ತೊಂದು ಕಂಪೆನಿಯವರು ಅದೇ ಆಕಾರದ ಕುಪ್ಪಿಯಲ್ಲಿ ತಮ್ಮ ರಸವನ್ನು ತರಲು ಹೊರಟರು. ಚೀಟಿಯ ಮೇಲೆ ಹೆಸರು ಬೇರೆಯಾಗಿದ್ದರೂ ಗೃಹಿಣಿಯರು ಚೀಟಿಯನ್ನು ಓದದೆ ಆಕಾರವನ್ನೇ ನೋಡಿ ಕೊಳ್ಳುವರೆಂಬುದು ಸಿದ್ಧವಾಯಿತು. ಆದುದರಿಂದ ಹೊಸ ಕಂಪೆನಿಗೆ ತಡೆಯುಂಟಾಯಿತು. ಆ ಮೂರು ಅಂಶಗಳಾವುವೆಂದರೆ:

(ಅ) ವಾದಿಯ ಸರಕಿಗೆ ಜನರಲ್ಲಿ ಒಳ್ಳೆಯ ಹೆಸರು ಇರಬೇಕು. ಆ ಗುರುತನ್ನು ಕಂಡರೆ ಅದು ಅವನದೇ ಎಂದು ಜನರು ಎಣಿಸುವಂತಿರಬೇಕು.
(ಆ) ಪ್ರತಿವಾದಿಯ ನಡೆಯಿಂದ, ಅವನಿಗೆ ಮೋಸದ ಉದ್ದೇಶವಿರಲಿ ಬಿಡಲಿ, ಜನರು ತಪ್ಪು ತಿಳಿಯುವಂತಿರಬೇಕು.
(ಇ) ಅದರಿಂದ ವಾದಿಗೆ ನಷ್ಟವು ಆಗಿರಬೇಕು, ಇಲ್ಲವೆ ಆಗುವ ಸಂಭವವಿರಬೇಕು.

ಭಾರತದಲ್ಲಿ ವ್ಯಾಪಾರಮುದ್ರೆಗಳ ರಿಜಿಸ್ತ್ರಿಗೆ ಮೊದಲ ಕಾಯಿದೆಯು 1940ರಲ್ಲಿ ಬಂದಿತು. ಅದರ ಸ್ಥಾನದಲ್ಲಿ 1958ರ ಕಾಯಿದೆಯೂ, ಅನಂತರ 1999ರ ಕಾಯಿದೆಯೂ ಬಂದವು. 1999ರ ಕಾಯಿದೆಯು 2003ನೆಯ ಇಸವಿ ಸೆಪ್ಟೆಂಬರ್ 15ರಿಂದ ಜಾರಿಗೆ ಬಂದಿತು. ರಿಜಿಸ್ತ್ರಿಯಾದ ಮುದ್ರೆಯನ್ನು ಅನುಕರಿಸಿದರೆ ಆ ಕಾಯಿದೆಯ ಮೇರೆಗೇ ದಾವೆ ಹೂಡಬಹುದು. ರಿಜಿಸ್ತ್ರಿಯಾಗದ ಮುದ್ರೆಯವನಿಗೂ ಪಾಸಿಂಗ್ ಆಫ್ ದಾವೆಯ ಹಕ್ಕು ಉಳಿದಿರುವುದೆಂದು 27ನೆಯ ಕಲಮಿನಲ್ಲಿ ಹೇಳಿದೆ.

2. ಕಣ್ಣಿಗಾಗುವ ಭ್ರಾಂತಿ

ಎರಡು ಮುದ್ರೆಗಳು ಒಂದನ್ನೊಂದು ಹೋಲುತ್ತವೆಯೇ ಎಂಬುದನ್ನು ಹೇಗೆ ತೂಗಿ ನೋಡಬೇಕೆಂಬುದಕ್ಕೆ ಮೈಸೂರಿನ ಕಂಪೆನಿಯೊಂದು ಪ್ರತಿವಾದಿಯಾಗಿದ್ದ ಒಂದು ಮೊಕದ್ದಮೆಯು ದೇಶದಲ್ಲೆಲ್ಲ ಪ್ರಮಾಣವಾಗಿದೆ. ಪಾರ್ಲೆ ಕಂಪೆನಿಯವರ ಗ್ಲೂಕೋ ಬಿಸ್ಕತ್ತಿನ ಹೊದಿಕೆಯ ಮೇಲೆ ಒಂದು ತೋಟದ ಮನೆಯ ಅಂಗಳವೂ, ನಡುವೆ ನೀರಿನ ಪಾತ್ರೆಯನ್ನು ಹಿಡಿದ ಹುಡುಗಿಯೂ, ಸುತ್ತಲೂ ಹಸುಗಳೂ ಕೋಳಿಗಳೂ ಇದ್ದವು. ಆ ಹೊದಿಕೆಯು ರಿಜಿಸ್ತ್ರಿಯಾಗಿದ್ದಿತು. ಮೈಸೂರಿನ ಜೆ. ಪಿ. ಅಂಡ್ ಕಂಪೆನಿಯವರು ಗ್ಲೂಕೋಸ್ ಬಿಸ್ಕತ್ತೆಂದು ಮಾರುತ್ತಿದ್ದ ಪೊಟ್ಟಣದ ಮೇಲೆಯೂ ತೋಟದ ಮನೆ, ಹಸು, ಕೋಳಿಗಳ ನಡುವೆ ಒಬ್ಬ ಹುಡುಗಿ ಇದ್ದಳು. ಆದರೆ ಇವಳ ತಲೆಯ ಮೇಲೆ ಹುಲ್ಲಿನ ಹೊರೆಯಿದ್ದಿತು, ಕೈಯಲ್ಲಿ ಕುಡುಗೋಲಿದ್ದಿತು.

ಕೆಳಗಿನ ನ್ಯಾಯಸ್ಥಾನವೂ ಆಗಿನ ಮೈಸೂರು ಹೈಕೋರ್ಟೂ ಎರಡು ಚಿತ್ರಗಳಲ್ಲಿರುವ ವ್ಯತ್ಯಾಸಗಳನ್ನು ಎಣಿಸಿ ನೋಡಿ ದಾವೆಯನ್ನು ವಜಾ ಮಾಡಿದವು. 1972ರಲ್ಲಿ ಸುಪ್ರೀಂ ಕೋರ್ಟು ಆ ತೀರ್ಪನ್ನು ತಿರುಗಿಸಿತು. ಕೊಳ್ಳುವವನು ಎರಡು ಪೊಟ್ಟಣಗಳನ್ನು ಪಕ್ಕಪಕ್ಕದಲ್ಲಿಟ್ಟುಕೊಂಡು ಹಸುಗಳೆಷ್ಟು, ಕೋಳಿಗಳೆಷ್ಟು ಎಂದು ಲೆಕ್ಕಮಾಡುವವನಲ್ಲ. ಹಿಂದೆ ಕಂಡ ಪೊಟ್ಟಣದ ಅಳತೆ, ಬಣ್ಣ, ಒಟ್ಟು ರೂಪ ಇವುಗಳ ಮಸಕಾದ ನೆನಪಷ್ಟೇ ಅವನಲ್ಲಿರುತ್ತದೆ. ಆ ನೆನಪಿಗೆ ಒಂದರ ಬದಲು ಇನ್ನೊಂದು ಸರಿಹೋಗುವುದೇ ಎಂಬುದನ್ನು ನೋಡಬೇಕು. ಈ ಮೊಕದ್ದಮೆಯಲ್ಲಿ ಸರಿಹೋಗುವುದೆಂದು ಕಂಡುಬಂದುದರಿಂದ ಪ್ರತಿವಾದಿಗಳಿಗೆ ತಡೆಯಾಯಿತು.

ಅಕ್ಷರ ಬಾರದ ಒಕ್ಕಲಿಗನು ಬೀಜದ ಚೀಲವನ್ನು ಗುರುತಿಸುವುದೂ ಹೀಗೆಯೇ ಅಲ್ಲವೇ? “ಹಸಿರು ಚೀಲ, ಮೇಲೆ ಜೋಡಿ ತೆನೆ” ಎಂದು ಹೇಳಿ ಕಳುಹಿಸುವ ಮನೆಗಳು ಅನೇಕವಿವೆ. ನಕಲು ಮಾಡುವವನು ಹಿಡಿಯುವುದೂ ಇದೇ ನೆನಪನ್ನೇ. ಅವನು ಹೆಸರನ್ನು ಪೂರ್ತಿಯಾಗಿ ಕದಿಯುವುದಿಲ್ಲ. ಒಂದಕ್ಷರವನ್ನು ಬದಲಾಯಿಸಿ ಬಣ್ಣವನ್ನೂ ಚಿತ್ರವನ್ನೂ ಹಾಗೆಯೇ ಉಳಿಸಿಕೊಳ್ಳುವನು.

3. ಕಿವಿಗಾಗುವ ಭ್ರಾಂತಿ

ಚೆನ್ನಪಟ್ಟಣದ ಶ್ರೀ ಅಂಬಾಳ್ ಕಂಪೆನಿಯವರ ನಸ್ಯವು ಪ್ರಸಿದ್ಧವಾಗಿದ್ದಿತು. ಮತ್ತೊಬ್ಬ ನಸ್ಯದ ವ್ಯಾಪಾರಿಯು ‘ಶ್ರೀ ಆಂಡಾಳ್’ ಎಂಬ ಹೆಸರನ್ನು ರಿಜಿಸ್ತ್ರಿ ಮಾಡಿಸಲು ಅರ್ಜಿಯನ್ನು ಕೊಟ್ಟನು. ಅಂಬಾಳ್ ಎಂದರೆ ಶಿವನ ಅರ್ಧಾಂಗಿ. ಆಂಡಾಳ್ ಎಂದರೆ ಶ್ರೀವೈಷ್ಣವರು ಪೂಜಿಸುವ ದೇವಿ. ಅರ್ಥದಲ್ಲಿ ಈ ಎರಡಕ್ಕೂ ಬಹಳ ದೂರ. ಹೀಗಿದ್ದರೂ 1969ರಲ್ಲಿ ಸುಪ್ರೀಂ ಕೋರ್ಟು ರಿಜಿಸ್ತ್ರಿಗೆ ಒಪ್ಪಲಿಲ್ಲ. ನಸ್ಯವನ್ನು ಕೊಳ್ಳುವವರಲ್ಲಿ ಎಲ್ಲ ಮತದವರೂ ಇರುವರು. ಅವರೆಲ್ಲರೂ ಈ ದೇವತೆಗಳ ಭೇದವನ್ನು ಬಲ್ಲವರಲ್ಲ. ಅಂಗಡಿಯ ಗದ್ದಲದಲ್ಲಿ ಬಾಯಿಂದ ಕೇಳಿ ಕೊಳ್ಳುವ ಸರಕಿನಲ್ಲಿ ಒಂದು ಶಬ್ದವು ಮತ್ತೊಂದರಂತೆ ಕೇಳಿಸುವುದೇ ಎಂಬುದು ಮುಖ್ಯವೆಂದು ತೀರ್ಮಾನವಾಯಿತು. ಹೆಸರನ್ನು ಆರಿಸುವಾಗ ಬರೆದು ನೋಡಿದರಷ್ಟೇ ಸಾಲದು, ಕೂಗಿ ನೋಡಬೇಕೆಂಬುದು ಇದರ ಸಾರಾಂಶ.

4. ಮೊದಲು ಬಳಸಿದವನ ಹಕ್ಕು

ಇಬ್ಬರೂ ರಿಜಿಸ್ತ್ರಿ ಮಾಡಿಸಿಕೊಂಡಿದ್ದರೆ ಹೆಸರು ಯಾರದು? ತಿರುನೆಲ್ವೇಲಿಯಲ್ಲಿ ‘ಇರುಟ್ಟುಕ್ಕಡೈ’, ಎಂದರೆ ಕತ್ತಲೆಯ ಅಂಗಡಿ, ಎಂಬ ಹೆಸರಿನ ಹಲ್ವದ ವ್ಯಾಪಾರವು 1900ರ ಸುಮಾರಿನಿಂದ ಒಂದು ಮನೆತನದವರ ಕೈಯಲ್ಲಿದ್ದಿತು. ಅದೇ ಶಬ್ದಕ್ಕೆ ಊರಿನ ಹೆಸರನ್ನು ಸೇರಿಸಿ ಇನ್ನೊಬ್ಬನು ಹಲ್ವದ ವ್ಯಾಪಾರಕ್ಕೆ ಹೊರಟನು. ತನ್ನ ಮುದ್ರೆಯೂ ರಿಜಿಸ್ತ್ರಿಯಾಗಿದೆಯೆಂದು ಅವನ ಜವಾಬು. 2015ರಲ್ಲಿ ಸುಪ್ರೀಂ ಕೋರ್ಟು ಹಳೆಯ ಮನೆತನದವರ ಪಕ್ಷದಲ್ಲಿ ತೀರ್ಪು ಕೊಟ್ಟಿತು. ರಿಜಿಸ್ತ್ರಿಯು ಹಕ್ಕನ್ನು ಹೊಸದಾಗಿ ಹುಟ್ಟಿಸುವುದಿಲ್ಲ, ಇರುವ ಹಕ್ಕನ್ನು ಗುರುತಿಸುತ್ತದೆ. ಮೊದಲಿನಿಂದ ಬಳಸಿಕೊಂಡು ಬಂದವನ ಹಕ್ಕು ರಿಜಿಸ್ತ್ರಿದಾರನ ಹಕ್ಕಿಗಿಂತಲೂ ಮೇಲಾದುದು ಎಂಬುದು ಅದರ ತಾತ್ಪರ್ಯ. 1999ರ ಕಾಯಿದೆಯ 34ನೆಯ ಕಲಮೂ ಮೊದಲ ಬಳಕೆದಾರನನ್ನು ಕಾಪಾಡುತ್ತದೆ.

ಆದರೆ “ಮೊದಲು ನಾನು” ಎಂದು ಬಾಯಲ್ಲಿ ಹೇಳಿದರೆ ಸಾಲದು. ಜಪಾನಿನ ಟೊಯೊಟಾ ಕಂಪೆನಿಯವರು ‘ಪ್ರಿಯಸ್’ ಎಂಬ ಮೋಟಾರು ಕಾರನ್ನು 1997ರಲ್ಲಿಯೇ ತಮ್ಮ ದೇಶದಲ್ಲಿ ಮಾರಾಟಕ್ಕೆ ತಂದಿದ್ದರು. ಭಾರತದ ಒಂದು ಕಂಪೆನಿಯವರು 2001ರಿಂದ ಅದೇ ಹೆಸರಿನಲ್ಲಿ ಮೋಟಾರಿನ ಬಿಡಿಭಾಗಗಳನ್ನು ಮಾರುತ್ತ ಹೆಸರನ್ನು ಇಲ್ಲಿ ರಿಜಿಸ್ತ್ರಿ ಮಾಡಿಸಿಕೊಂಡರು. 2017ರಲ್ಲಿ ಸುಪ್ರೀಂ ಕೋರ್ಟು ಈ ಹೆಸರಿನ ವಿಷಯದಲ್ಲಿ ಟೊಯೊಟಾದವರ ವಾದವನ್ನು ಒಪ್ಪಲಿಲ್ಲ. ಪರದೇಶದಲ್ಲಿ ಎಷ್ಟೇ ಕೀರ್ತಿಯಿರಲಿ, 2001ಕ್ಕೆ ಮುಂಚೆಯೇ ಈ ದೇಶದ ಜನರಲ್ಲಿ ಆ ಹೆಸರಿಗೆ ಬೆಲೆ ಬಂದಿದ್ದಿತೆಂಬುದಕ್ಕೆ ಸಾಕಷ್ಟು ಸಾಕ್ಷ್ಯವಿರಲಿಲ್ಲ. ದಾವೆಯನ್ನು ತರುವುದರಲ್ಲಿ ವಿಳಂಬವೂ ಆಗಿದ್ದಿತು. ಲೋಕದ ದೊಡ್ಡ ಕಂಪೆನಿಯೊಂದು ಸಾಕ್ಷ್ಯವಿಲ್ಲದೆ ಸೋಲುವುದಾದರೆ, ರಸೀತಿಪುಸ್ತಕವನ್ನಿಡದ ಗ್ರಾಮದ ಸಂಘದ ಪಾಡೇನೆಂಬುದನ್ನು ಊಹಿಸಿಕೊಳ್ಳಬಹುದು.

5. ಹಕ್ಕಿಗೂ ಎಲ್ಲೆಯುಂಟು

ಹೊಲಕ್ಕೆ ನಾಲ್ಕು ಕಡೆಯ ಚೆಕ್ಕುಬಂದಿಯಿರುವಂತೆ ಹೆಸರಿಗೂ ಎಲ್ಲೆಯಿದೆ. ಇದಕ್ಕೆ ಕರ್ನಾಟಕದ ಹಾಲು ಉತ್ಪಾದಕರೆಲ್ಲರೂ ಬಲ್ಲ ‘ನಂದಿನಿ’ಯ ವ್ಯಾಜ್ಯವೇ ನಿದರ್ಶನ. ಕರ್ನಾಟಕ ಸಹಕಾರ ಹಾಲು ಉತ್ಪಾದಕರ ಮಹಾಮಂಡಲದವರು 1985ರಿಂದ ಹಾಲು ಮತ್ತು ಹಾಲಿನ ಪದಾರ್ಥಗಳಿಗೆ ಈ ಹೆಸರನ್ನು ಬಳಸುತ್ತಿದ್ದರು. ಬೆಂಗಳೂರಿನಲ್ಲಿ 1989ರಿಂದ ‘ನಂಧಿನಿ’ ಎಂಬ ಹೆಸರಿನಲ್ಲಿ ಭೋಜನಶಾಲೆಗಳನ್ನು ನಡೆಸುತ್ತಿದ್ದವರು ತಮ್ಮ ಮುದ್ರೆಯನ್ನು ಹಲವು ಆಹಾರಪದಾರ್ಥಗಳಿಗೆ ರಿಜಿಸ್ತ್ರಿ ಮಾಡಿಸಲು ಅರ್ಜಿಯಿಟ್ಟರು. ಮಹಾಮಂಡಲದವರು ತಕರಾರು ಹೂಡಿದರು. ರಿಜಿಸ್ತ್ರಾರರ ಕಚೇರಿಯು ಭೋಜನಶಾಲೆಯವರ ಪರವಾಗಿ ಆಜ್ಞೆ ಮಾಡಿತು. 2011ರಲ್ಲಿ ಮೇಲ್ಮನವಿ ಮಂಡಲಿಯೂ 2014ರಲ್ಲಿ ಹೈಕೋರ್ಟೂ ಮಹಾಮಂಡಲದ ಪರವಾಗಿ ತೀರ್ಮಾನಿಸಿದವು.

2018ರಲ್ಲಿ ಸುಪ್ರೀಂ ಕೋರ್ಟು ಭೋಜನಶಾಲೆಯವರ ಪರವಾಗಿ ವ್ಯಾಜ್ಯವನ್ನು ಮುಗಿಸಿತು. ನಂದಿನಿಯೆಂಬುದು ಪುರಾಣಪ್ರಸಿದ್ಧವಾದ ಹಸುವಿನ ಹೆಸರು, ದೇವಿಯ ಹೆಸರು. ಯಾರೊಬ್ಬರೂ ಹೊಸದಾಗಿ ಕಲ್ಪಿಸಿದ ಶಬ್ದವಲ್ಲ. ಎರಡು ಮುದ್ರೆಗಳ ಚಿತ್ರವೂ ಬರಹದ ರೀತಿಯೂ ಬೇರೆ. ಒಬ್ಬರ ಸರಕು ಹಾಲು, ಇನ್ನೊಬ್ಬರದು ಭೋಜನ. ಒಂದೇ ವರ್ಗದ ಪಟ್ಟಿಯಲ್ಲಿ ಸೇರಿದ ಮಾತ್ರಕ್ಕೆ ಎಲ್ಲ ಪದಾರ್ಥಗಳ ಮೇಲೂ ಒಬ್ಬರ ಏಕಸ್ವಾಮ್ಯವು ಹಬ್ಬದು. ಆದರೆ ಹಾಲು ಮತ್ತು ಹಾಲಿನ ಪದಾರ್ಥಗಳನ್ನು ಭೋಜನಶಾಲೆಯವರ ರಿಜಿಸ್ತ್ರಿಯಿಂದ ತೆಗೆದುಹಾಕಬೇಕಾಯಿತು. ಹೀಗೆ ರೈತರ ಮಹಾಮಂಡಲದ ಹಕ್ಕು ಹಾಲಿನ ಮಟ್ಟಿಗೆ ಭದ್ರವಾಗಿ ಉಳಿಯಿತು, ಅದರಾಚೆಗೆ ಚಾಚಲಿಲ್ಲ.

ಇದಕ್ಕೆ ಮುಂಚೆ 1996ರಲ್ಲಿ ‘ಚಾರ್ಮಿನಾರ್’ ಎಂಬ ಹೆಸರಿನ ವ್ಯಾಜ್ಯದಲ್ಲಿಯೂ ಇದೇ ರೀತಿಯ ತೀರ್ಮಾನವಾಗಿದ್ದಿತು. ಸಿಗರೇಟನ್ನು ಮಾತ್ರ ತಯಾರಿಸುತ್ತಿದ್ದ ಕಂಪೆನಿಯು ತಂಬಾಕಿನ ಎಲ್ಲ ಪದಾರ್ಥಗಳಿಗೂ ಆ ಹೆಸರನ್ನು ಕಾದಿರಿಸಿಕೊಂಡು, ಜರ್ದಾ ಮಾಡುವವನನ್ನು ತಡೆಯಲಾಗದೆಂದು ಸುಪ್ರೀಂ ಕೋರ್ಟು ಹೇಳಿತು. ಉಳುಮೆ ಮಾಡದ ಜಮೀನಿಗೆ ಬೇಲಿ ಹಾಕಿಕೊಂಡು ಕೂರುವುದಕ್ಕೆ ಈ ಕಾನೂನಿನಲ್ಲಿ ಪ್ರೋತ್ಸಾಹವಿಲ್ಲ. ಐದು ವರ್ಷಕ್ಕೂ ಮೇಲೆ ಬಳಸದೆ ಬಿಟ್ಟ ಮುದ್ರೆಯನ್ನು ರಿಜಿಸ್ತರಿನಿಂದ ತೆಗೆಯಿಸಲು 47ನೆಯ ಕಲಮಿನಂತೆ ಅರ್ಜಿ ಕೊಡಬಹುದು.

ಇದರಿಂದ ಹೆಸರನ್ನು ಆರಿಸುವವರಿಗೆ ಒಂದು ಎಚ್ಚರಿಕೆಯುಂಟು. ದೇವರ ಹೆಸರು, ನದಿಯ ಹೆಸರು, ಊರಿನ ಹೆಸರು, ‘ಶುದ್ಧ’, ‘ಉತ್ತಮ’ ಮೊದಲಾದ ಗುಣವಾಚಕಗಳು ಎಲ್ಲರ ಸ್ವತ್ತು. ಇವುಗಳನ್ನು ಹಿಡಿದವನು ಅನೇಕರೊಡನೆ ಹಂಚಿಕೊಳ್ಳಬೇಕಾಗುತ್ತದೆ. ಅಪರೂಪವಾದ, ಸರಕಿನ ಗುಣವನ್ನು ನೇರವಾಗಿ ಹೇಳದ ಶಬ್ದವು ಮೊದಲಲ್ಲಿ ಜನರ ಬಾಯಿಗೆ ಹತ್ತುವುದು ನಿಧಾನವಾದರೂ ಕಾಪಾಡಿಕೊಳ್ಳುವುದು ಸುಲಭ. ಒಂದು ಸೀಮೆಯ ವಿಶೇಷ ಬೆಳೆಯ ಹೆಸರಾದರೋ ಆ ಸೀಮೆಯ ಬೆಳೆಗಾರರೆಲ್ಲರಿಗೂ ಸೇರಿದುದು. ಅದಕ್ಕೆ ಬೇರೆಯೇ ಕಾಯಿದೆಯಿದೆ. ಬ್ಯಾಡಗಿ ಮೆಣಸಿನಕಾಯಿಯು 2011ರಲ್ಲಿ ಆ ಭೌಗೋಳಿಕ ಸೂಚಕದ ಕಾಯಿದೆಯ ಮೇರೆಗೇ ರಿಜಿಸ್ತ್ರಿಯಾಯಿತು.

6. ಮನೆ ಪಾಲಾದಾಗ

ಹೆಸರಿನ ವ್ಯಾಜ್ಯಗಳೆಲ್ಲವೂ ಹೊರಗಿನ ಕಳ್ಳರಿಂದ ಹುಟ್ಟುವುದಿಲ್ಲ. ಅಣ್ಣತಮ್ಮಂದಿರು ಪಾಲಾದಾಗಲೂ ಪಾಲುದಾರರು ಬೇರೆಯಾದಾಗಲೂ ಹೊಲಕ್ಕೂ ಮನೆಗೂ ಪಾಲುಪಟ್ಟಿ ಬರೆಯುವರು. ಹೆಸರಿನ ವಿಷಯವನ್ನು ಮಾತ್ರ ಮರೆಯುವರು. ಗುಜರಾತಿನ ಕ್ಯಾಡಿಲಾ ಎಂಬ ಔಷಧದ ಉದ್ಯಮವು ಪಾಲಾದ ಮೇಲೆ ಎರಡು ಕಂಪೆನಿಗಳಿಗೂ ಆ ಹೆಸರನ್ನು ಬಳಸುವ ಹಕ್ಕು ಬಂದಿತು. ಅನಂತರ ಒಂದು ಕಂಪೆನಿಯು ‘ಫಾಲ್ಸಿಗೋ’ ಎಂದೂ ಇನ್ನೊಂದು ‘ಫಾಲ್ಸಿಟ್ಯಾಬ್’ ಎಂದೂ ಘೋರವಾದ ಮಲೇರಿಯಾ ಜ್ವರಕ್ಕೆ ಔಷಧಗಳನ್ನು ಹೊರಡಿಸಿದಾಗ ವ್ಯಾಜ್ಯವು ಸುಪ್ರೀಂ ಕೋರ್ಟಿನವರೆಗೆ ಹೋಯಿತು.

2001ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಮುದ್ರೆಯ ಸ್ವರೂಪ, ಹೋಲಿಕೆಯ ಪ್ರಮಾಣ, ಸರಕಿನ ಬಗೆ, ಕೊಳ್ಳುವವರ ವಿದ್ಯೆ ಮತ್ತು ಅವರು ವಹಿಸುವ ಎಚ್ಚರಿಕೆ, ಕೊಳ್ಳುವ ಕ್ರಮ ಇವೆಲ್ಲವನ್ನೂ ಒಟ್ಟಿಗೆ ತೂಗಬೇಕೆಂದು ಕೆಳಗಿನ ನ್ಯಾಯಸ್ಥಾನಗಳಿಗೆ ದಾರಿ ತೋರಿಸಿತು. ಇಂಗ್ಲಿಷ್ ಬಾರದ ಜನರು ಬಹುಸಂಖ್ಯಾತರಾಗಿರುವ ಈ ದೇಶದಲ್ಲಿ ಪರದೇಶದ ಅಳತೆಗೋಲನ್ನು ಹಾಗೆಯೇ ಹಿಡಿಯಕೂಡದೆಂದೂ, ಔಷಧದಲ್ಲಿ ತಪ್ಪಾದರೆ ಪ್ರಾಣಕ್ಕೇ ಅಪಾಯವಾದುದರಿಂದ ಹೋಲಿಕೆಯನ್ನು ಹೆಚ್ಚು ಕಟ್ಟುನಿಟ್ಟಾಗಿ ಪರೀಕ್ಷಿಸಬೇಕೆಂದೂ ತಿಳಿಸಿತು. ಕೀಟನಾಶಕವನ್ನು ಬಳಸುವ ರೈತರು ಈ ಮಾತನ್ನು ವಿಶೇಷವಾಗಿ ಮನಸ್ಸಿನಲ್ಲಿಡಬೇಕು. ಹೆಸರಿನ ಹೋಲಿಕೆಯಿಂದ ಕಳೆನಾಶಕವನ್ನು ಕೀಟನಾಶಕವೆಂದು ತಿಳಿದು ಬೆಳೆಯ ಮೇಲೆ ಸಿಂಪಡಿಸಿದರೆ ಹುಳುವಿನ ಬದಲು ಪೈರೇ ಸಾಯುವುದು.

ಇನ್ನೊಂದು ಬಗೆಯ ವ್ಯಾಜ್ಯವು ಹಳ್ಳಿಗಳಿಗೆ ಹತ್ತಿರವಾದುದು. ಸಂಘದವರು ಸರಕನ್ನು ತಯಾರಿಸುವರು. ಪಟ್ಟಣದ ವರ್ತಕನು ಅದನ್ನು ಚೀಲಕ್ಕೆ ತುಂಬಿಸಿ ಒಂದು ಹೆಸರಿಟ್ಟು ಮಾರುವನು. ಹೆಸರು ಪ್ರಸಿದ್ಧವಾದ ಮೇಲೆ ಅದು ತನ್ನದೆಂದು ವರ್ತಕನು ರಿಜಿಸ್ತ್ರಿ ಮಾಡಿಸಿ, ಬೇರೆ ಕಡೆಯ ಕಡಿಮೆ ಬೆಲೆಯ ಸರಕನ್ನು ಅದೇ ಚೀಲಕ್ಕೆ ತುಂಬುವನು. ಆಗ ಸಂಘದವರಿಗೆ ಬೆವರು ಮಾತ್ರ ಉಳಿದು ಹೆಸರು ಕೈಬಿಡುವುದು. ಇದನ್ನು ತಪ್ಪಿಸಲು ಮೊದಲ ದಿನವೇ ಕರಾರಿನಲ್ಲಿ ಒಂದು ಸಾಲನ್ನು ಬರೆಯಿಸಿದರೆ ಸಾಕು: ಹೆಸರು ಸಂಘದ್ದು, ವರ್ತಕನಿಗೆ ಕರಾರಿನ ಅವಧಿಯವರೆಗೆ ಮಾತ್ರ ಬಳಕೆಯ ಅನುಮತಿ.

7. ಹೆಸರನ್ನು ಕಾಪಾಡಿಕೊಳ್ಳುವ ಕ್ರಮ

ಸ್ವಂತ ಹೆಸರಿನಿಂದ ಸರಕನ್ನು ಮಾರುವ ಜಮೀನುದಾರರೂ ಸಂಘಗಳೂ ಕೆಳಗೆ ಹೇಳಿದ ಕ್ರಮಗಳನ್ನು ಅನುಸರಿಸುವುದು ಶ್ರೇಯಸ್ಕರ.

(1) ಹೆಸರನ್ನು ನಿಶ್ಚಯಿಸುವುದಕ್ಕೆ ಮುಂಚೆ ರಿಜಿಸ್ತ್ರಿಯಾದ ಮುದ್ರೆಗಳಲ್ಲಿ ಅಂಥದು ಇದೆಯೇ ಎಂದು ಹುಡುಕಿಸಬೇಕು. ಟ್ರೇಡ್ ಮಾರ್ಕ್ ರಿಜಿಸ್ತ್ರಿಗೆ ಮುಂಬಯಿ, ಚೆನ್ನೈ, ದೆಹಲಿ, ಕಲ್ಕತ್ತ, ಅಹಮದಾಬಾದುಗಳಲ್ಲಿ ಕಚೇರಿಗಳಿವೆ. ಕರ್ನಾಟಕವು ಚೆನ್ನೈ ಕಚೇರಿಗೆ ಸೇರಿದೆ.

(2) ರಿಜಿಸ್ತ್ರಿ ಮಾಡಿಸಬೇಕು. 2017ರ ನಿಯಮಗಳ ಮೇರೆಗೆ ಒಬ್ಬ ವ್ಯಕ್ತಿ ಅಥವಾ ಸಣ್ಣ ಉದ್ದಿಮೆಯವರು ಒಂದು ವರ್ಗದ ಸರಕಿಗೆ ಕೊಡತಕ್ಕ ಅರ್ಜಿಯ ಶುಲ್ಕವು ವಿದ್ಯುನ್ಮಾನದ ಮೂಲಕವಾದರೆ 4,500 ರೂಪಾಯಿ, ಕಾಗದದ ಮೂಲಕವಾದರೆ 5,000 ರೂಪಾಯಿ. ರಿಜಿಸ್ತ್ರಿಯ ಅವಧಿಯು 10 ವರ್ಷ; ಪುನಃ ಪುನಃ ನವೀಕರಿಸಬಹುದು. ಬೇರೊಬ್ಬರ ಅರ್ಜಿಯು ಮುದ್ರೆಗಳ ಪತ್ರಿಕೆಯಲ್ಲಿ ಪ್ರಕಟವಾದರೆ ನಾಲ್ಕು ತಿಂಗಳೊಳಗೆ ತಕರಾರು ಹಾಕಬಹುದು. ಮೊದಲ ಬಳಕೆಯೇ ಮುಖ್ಯವೆಂದ ಮೇಲೆ ರಿಜಿಸ್ತ್ರಿ ಏಕೆ ಬೇಕೆಂದು ಕೆಲವರು ಕೇಳಬಹುದು. ರಿಜಿಸ್ತ್ರಿದಾರನು ತನಗೆ ಒಳ್ಳೆಯ ಹೆಸರಿದೆಯೆಂದು ಪ್ರತಿಸಲವೂ ಸಾಕ್ಷಿಗಳಿಂದ ರುಜುವಾತು ಮಾಡಬೇಕಾಗಿಲ್ಲ. ತಾನು ವಾಸಿಸುವ ಅಥವಾ ವ್ಯಾಪಾರ ಮಾಡುವ ಸ್ಥಳದ ನ್ಯಾಯಸ್ಥಾನದಲ್ಲಿಯೇ ದಾವೆ ಹೂಡಬಹುದು. ರಿಜಿಸ್ತ್ರಿಯಿಲ್ಲದವನಿಗೆ ಈ ಅನುಕೂಲಗಳಿಲ್ಲ.

(3) ಮಾರಾಟದ ಬಿಲ್ಲುಗಳು, ಚೀಲ ಅಚ್ಚು ಹಾಕಿಸಿದ ಮುದ್ರಣಾಲಯದ ರಸೀತಿ, ಜಾಹೀರಾತು, ಸಂತೆ ಮತ್ತು ವಸ್ತುಪ್ರದರ್ಶನಗಳಲ್ಲಿ ಇಟ್ಟುದಕ್ಕೆ ದಾಖಲೆ, ಮೊದಲ ಚೀಲದ ಒಂದು ಮಾದರಿ ಇವುಗಳನ್ನು ತಾರೀಖು ಸಮೇತ ಜೋಪಾನವಾಗಿಡಬೇಕು. ಮೊದಲು ಬಳಸಿದೆವೆಂಬುದಕ್ಕೆ ನ್ಯಾಯಸ್ಥಾನದಲ್ಲಿ ಮಾತನಾಡುವುವು ಈ ಕಾಗದಗಳೇ.

(4) ಹೆಸರು, ಬಣ್ಣ, ಚಿತ್ರಗಳನ್ನು ವರ್ಷಕ್ಕೊಂದು ಸಲ ಬದಲಾಯಿಸಬಾರದು. ಗುಣದಲ್ಲಿಯೂ ಏರುಪೇರಾಗಬಾರದು. ಬೆಲ್ಲಕ್ಕೆ ಕಲಬೆರಕೆ ಮಾಡಿ ಹೆಸರಿಗಾಗಿ ದಾವೆ ಹೂಡುವವನಿಗೆ ನ್ಯಾಯಸ್ಥಾನದ ಸಹಾಯವು ದುರ್ಲಭ.

(5) ನಕಲು ಕಂಡ ಕೂಡಲೆ ನೋಟೀಸು ಕೊಡಬೇಕು. ರಿಜಿಸ್ತ್ರಿಯಾದ ನಂತರದ ಮುದ್ರೆಯೊಂದರ ಬಳಕೆಯನ್ನು ತಿಳಿದೂ ತಿಳಿದೂ ಐದು ವರ್ಷ ಸತತವಾಗಿ ಸಹಿಸಿಕೊಂಡು ಸುಮ್ಮನಿದ್ದವನು, ಪ್ರತಿಪಕ್ಷದವನು ಪ್ರಾಮಾಣಿಕನಾಗಿದ್ದಲ್ಲಿ, ಅನಂತರ ಅದನ್ನು ತಡೆಯಲಾರನೆಂದು 33ನೆಯ ಕಲಮು ಹೇಳುತ್ತದೆ. ದಾವೆಯನ್ನು ಜಿಲ್ಲಾ ನ್ಯಾಯಸ್ಥಾನಕ್ಕಿಂತ ಕೆಳಗಿನ ಕೋರ್ಟಿನಲ್ಲಿ ಹೂಡಲಾಗದು. ಗೆದ್ದವನಿಗೆ ತಡೆಯಾಜ್ಞೆಯೂ, ನಷ್ಟಪರಿಹಾರ ಅಥವಾ ಪ್ರತಿವಾದಿಯು ಗಳಿಸಿದ ಲಾಭದ ಲೆಕ್ಕವೂ ದೊರೆಯಬಹುದು.

(6) ಅನೇಕ ಬೆಳೆಗಾರರು ಸೇರಿ ಒಂದೇ ಹೆಸರಿನಿಂದ ಮಾರುವುದಾದರೆ ಸಂಘದ ಹೆಸರಿನಲ್ಲಿ ಸಾಮೂಹಿಕ ಮುದ್ರೆಯನ್ನು ರಿಜಿಸ್ತ್ರಿ ಮಾಡಿಸಲು ಅವಕಾಶವಿದೆ. ಹೀಗೆ ಮಾಡಿದರೆ ಕಾರ್ಯದರ್ಶಿಯು ಬದಲಾದರೂ ಹೆಸರು ಸಂಘದಲ್ಲಿಯೇ ನಿಲ್ಲುತ್ತದೆ.

8. ಕೊಳ್ಳುವವರು ನೋಡತಕ್ಕ ಅಂಶಗಳು

ನಕಲಿನ ವ್ಯಾಜ್ಯವು ಎರಡು ಕಂಪೆನಿಗಳ ನಡುವಿನದೆಂದು ರೈತರು ಉದಾಸೀನರಾಗಿರಕೂಡದು. ಕಂಪೆನಿಯವರು ಗೆದ್ದು ಪರಿಹಾರ ಪಡೆಯಬಹುದು. ಮೊಳೆಯದ ಬೀಜವನ್ನು ಬಿತ್ತಿದವನ ಹೊಲವು ಆ ಡಿಕ್ರಿಯಿಂದ ಹಸಿರಾಗದು. ಆದುದರಿಂದ ಕೊಳ್ಳುವಾಗಲೇ ಚೀಲದ ಬಣ್ಣ ಮತ್ತು ಚಿತ್ರಗಳನ್ನು ಮಾತ್ರ ನಂಬದೆ, ತಯಾರಕರ ಪೂರ್ತಿ ಹೆಸರು, ವಿಳಾಸ, ತಂಡದ ಸಂಖ್ಯೆ, ಪರೀಕ್ಷೆಯ ತಾರೀಖು, ಅವಧಿ ಮುಗಿಯುವ ತಾರೀಖುಗಳನ್ನು ಓದಿಸಿ ನೋಡಬೇಕು. ಪ್ರಮಾಣಿತ ಬೀಜದ ಚೀಲಕ್ಕೆ ನೀಲಿ ಬಣ್ಣದ ಚೀಟಿಯೂ, ಮೂಲಬೀಜಕ್ಕೆ ಬಿಳಿಯ ಚೀಟಿಯೂ ಇರುತ್ತದೆ. ಈ ಚೀಟಿಯು ಬೀಜದ ಗುಣದ ಪರೀಕ್ಷೆಯಾಗಿದೆಯೆಂಬುದಕ್ಕೆ ಗುರುತು. ಚೀಲದ ಮೇಲಿನ ಮುದ್ರೆಯು ತಯಾರಕನ ಗುರುತು. ಹಾಗೆಯೇ 1937ರ ಕಾಯಿದೆಯ ಮೇರೆಗೆ ಬಂದ ಅಗ್‌ಮಾರ್ಕ್ ಎಂಬುದು ಪದಾರ್ಥದ ದರ್ಜೆಯನ್ನು ಹೇಳುವುದೇ ಹೊರತು ಒಡೆತನವನ್ನಲ್ಲ. ಎರಡನ್ನೂ ಬೇರೆಬೇರೆಯಾಗಿ ನೋಡಬೇಕು.

ಅಂಗಡಿಯವರಿಂದ ತಂಡದ ಸಂಖ್ಯೆಯನ್ನು ಬರೆದ ಬಿಲ್ಲನ್ನು ಕೇಳಿ ಪಡೆಯಬೇಕು. ಬಿತ್ತಿದ ಮೇಲೆ ಖಾಲಿ ಚೀಲವನ್ನೂ ಚೀಟಿಯನ್ನೂ ಒಂದು ಹಿಡಿ ಬೀಜವನ್ನೂ ಕೊಯ್ಲಿನವರೆಗೆ ಇಟ್ಟುಕೊಳ್ಳಬೇಕು. ಸಂಶಯ ಬಂದಲ್ಲಿ ಹತ್ತಿರದ ರೈತ ಸಂಪರ್ಕ ಕೇಂದ್ರಕ್ಕೆ ತಡಮಾಡದೆ ತಿಳಿಸಬೇಕು. ಒಂದು ಕೀಟನಾಶಕದ ಹೆಸರಿನಲ್ಲಿ ಮತ್ತೊಂದನ್ನು ಮಾರುವುದೂ ಅದನ್ನು ಅನುಕರಿಸುವುದೂ 1968ರ ಕೀಟನಾಶಕ ಕಾಯಿದೆಯಲ್ಲಿ ತಪ್ಪು ಮುದ್ರೆಯ ಅಪರಾಧವೆಂದು ಗಣಿಸಲ್ಪಟ್ಟಿದೆ. ಇದಲ್ಲದೆ, ಸುಳ್ಳು ವ್ಯಾಪಾರಮುದ್ರೆಯನ್ನು ಹಾಕುವವನಿಗೆ 1999ರ ಕಾಯಿದೆಯ 103ನೆಯ ಕಲಮಿನಲ್ಲಿ ಆರು ತಿಂಗಳಿಗೆ ಕಡಿಮೆಯಿಲ್ಲದೆ ಮೂರು ವರ್ಷದವರೆಗೆ ಸಜೆಯನ್ನೂ, 50,000 ರೂಪಾಯಿಗಳಿಂದ 2 ಲಕ್ಷ ರೂಪಾಯಿಗಳವರೆಗೆ ಜುಲ್ಮಾನೆಯನ್ನೂ ವಿಧಿಸಿದೆ.

ಗ್ರಾಮಮುಖ್ಯರು ಈ ವಿಷಯದಲ್ಲಿ ಮಾಡಬಹುದಾದ ಉಪಕಾರವು ದೊಡ್ಡದು. ಮುಂಗಾರಿಗೆ ಮುಂಚೆ ಊರಿನವರನ್ನು ಕೂಡಿಸಿ ಚೀಟಿಯನ್ನು ಓದುವ ಬಗೆಯನ್ನು ತಿಳಿಸಿದರೆ, ಓದು ಬಾರದವರಿಗೆ ಊರಿನ ಒಬ್ಬ ವಿದ್ಯಾವಂತನಿಂದ ಚೀಟಿಯನ್ನು ಓದಿಸುವ ಏರ್ಪಾಡು ಮಾಡಿದರೆ, ಮೋಸಗಾರನ ಕೆಲಸವು ಅರ್ಧ ಕೆಡುವುದು. ಊರಿನ ಸಂಘವು ತನ್ನ ಸರಕಿಗೆ ಹೆಸರಿಡುವ ಸಂದರ್ಭದಲ್ಲಿ ಹೆಸರು ಯಾರದೆಂಬುದನ್ನು ಅಂದಿನ ಸಭೆಯ ನಡವಳಿಯ ಪುಸ್ತಕದಲ್ಲಿ ಬರೆದು ಸಹಿ ಹಾಕಿಸಿದರೆ ಮುಂದಿನ ತಲೆಮಾರಿನ ವ್ಯಾಜ್ಯವೊಂದು ಹುಟ್ಟುವುದಕ್ಕೆ ಮೊದಲೇ ತೀರಿಹೋಗುವುದು.